ವಿಡಿಯೋ ಓಪನ್ ಆಗ್ತಿಲ್ವಾ? ಕೆಟ್ಟಿದೆಯೋ, ವೇಷ ಹಾಕಿದೆಯೋ ಮೊದಲು ನೋಡಿ

ತಿಪಟೂರಿನಲ್ಲಿ ನನ್ನದೊಂದು ಸಣ್ಣ ಅಂಗಡಿ. ಕಂಪ್ಯೂಟರ್, ಮೊಬೈಲ್ ರಿಪೇರಿ. ಹೋದ ತಿಂಗಳು ಒಂದು ಸಂಜೆ ನಮ್ಮ ಬೀದಿಯ ಮೇಷ್ಟ್ರು ಬಂದರು. ರಿಟೈರ್ ಆಗಿ ಹತ್ತು ವರ್ಷವಾಗಿದೆ, ಆದರೂ ಊರಿಗೆಲ್ಲ ಮೇಷ್ಟ್ರೇ. ಕೂರುವುದಕ್ಕೂ ಮುಂಚೆ ಫೋನ್ ಚಾಚಿದರು.

"ನೋಡಪ್ಪಾ, ನಮ್ಮ ಷಡ್ಡಕನ ಮಗಳ ಮದುವೆ ವಿಡಿಯೋ ಗ್ರೂಪಿಗೆ ಬಂದಿದೆ. ಓಪನ್ನೇ ಆಗ್ತಿಲ್ಲ. ಏನೋ ಪರ್ಮಿಷನ್ ಕೇಳ್ತಿದೆ, ಅದೊಂದು ಕೊಟ್ಬಿಡು."

"ಎಷ್ಟು ಸಲ ಒತ್ತಿದ್ರಿ ಮೇಷ್ಟ್ರೇ?"

"ನಾಲ್ಕೈದು ಸಲ ಒತ್ತಿರ್ತೀನಿ. ಯಾಕೆ?"

ಫೋನ್ ಇಸ್ಕೊಂಡು ಮೊದಲು ಏರೋಪ್ಲೇನ್ ಮೋಡ್‌ಗೆ ಹಾಕಿದೆ. ಮೇಷ್ಟ್ರಿಗೆ ಸ್ವಲ್ಪ ಬೇಜಾರಾಯಿತು. ವಿಡಿಯೋ ಹಾಕಿಕೊಡು ಅಂದರೆ ಇವನು ನೆಟ್ ಯಾಕೆ ಆಫ್ ಮಾಡಿದ ಅಂತ.

"ವಿಡಿಯೋ ಓಪನ್ ಆಗ್ತಿಲ್ಲ" ಅನ್ನುವ ದೂರು ನನ್ನ ಅಂಗಡಿಗೆ ವಾರಕ್ಕೆ ಎರಡಾದರೂ ಬರುತ್ತದೆ. ಕಾರಣ ಮುಖ್ಯವಾಗಿ ಎರಡು ಥರ. ಒಂದು, ಅದು ನಿಜಕ್ಕೂ ವಿಡಿಯೋ, ಆದರೆ ಕೆಟ್ಟಿದೆ. ಇನ್ನೊಂದು, ಅದು ವಿಡಿಯೋನೇ ಅಲ್ಲ, ವಿಡಿಯೋ ವೇಷ ಹಾಕಿದ ಪ್ರೋಗ್ರಾಂ. ಹೊರಗಿನಿಂದ ನೋಡುವವರಿಗೆ ಎರಡೂ ಒಂದೇ. ಒತ್ತುತ್ತೀರಿ, ಏನೂ ಕಾಣುವುದಿಲ್ಲ. ಆದರೆ ಮುಂದೆ ಮಾಡಬೇಕಾದ್ದು ಪೂರ್ತಿ ಉಲ್ಟಾ. ಕೆಟ್ಟ ವಿಡಿಯೋವನ್ನು ಜೋಪಾನವಾಗಿ ಉಳಿಸಿಕೊಳ್ಳಬೇಕು. ವೇಷದ ಫೈಲನ್ನು ತೆರೆಯದೆ ಅಳಿಸಬೇಕು.

ನಾನು ಇದರಲ್ಲಿ ಎಡವಿದ್ದೇನೆ. ಅಂಗಡಿ ಶುರು ಮಾಡಿದ ಹೊಸದರಲ್ಲಿ ಒಬ್ಬರು ನಾಮಕರಣದ ವಿಡಿಯೋ ಇದ್ದ ಪೆನ್‌ಡ್ರೈವ್ ತಂದರು. ಫೈಲ್ ಇದೆ, ಸೈಜ್ 3 ಜಿಬಿ ಇದೆ, ಓಪನ್ ಆಗುತ್ತಿಲ್ಲ. ನೋಡಿದ ತಕ್ಷಣ "ವೈರಸ್ ಸಾರ್" ಅಂದೆ. ಫಾರ್ಮ್ಯಾಟ್ ಮಾಡಿಯೂ ಬಿಟ್ಟೆ. ಆಮೇಲೆ ಗೊತ್ತಾಯಿತು, ರೆಕಾರ್ಡ್ ಆಗುವಾಗಲೇ ಕ್ಯಾಮೆರಾದ ಬ್ಯಾಟರಿ ಮುಗಿದಿತ್ತು ಅಷ್ಟೇ. ಆ ಫೈಲನ್ನು ಅರ್ಧ ಗಂಟೆಯಲ್ಲಿ ಸರಿ ಮಾಡಬಹುದಿತ್ತು. ಅವರು ಇವತ್ತಿಗೂ ನನ್ನ ಅಂಗಡಿ ಮುಂದೆ ಹೋಗುವಾಗ ಆ ಕಡೆ ಮುಖ ತಿರುಗಿಸಿಕೊಂಡೇ ಹೋಗುತ್ತಾರೆ. ಹಾಗಾಗಿ ಕೆಳಗಿನ ಕ್ರಮ ಮುಖ್ಯ. ಮೊದಲು ನೋಡುವುದು, ಆಮೇಲೆ ಮುಟ್ಟುವುದು.

ಒತ್ತುವ ಮುಂಚೆ ಹೊರಗಿನಿಂದ ನೋಡಬೇಕಾದ್ದು

ವಾಟ್ಸ್ಆ್ಯಪ್‌ನಲ್ಲಿ ನಿಜವಾದ ವಿಡಿಯೋ ಬಂದರೆ ಚಿತ್ರ ಕಾಣುತ್ತದೆ, ನಡುವೆ ತ್ರಿಕೋನದ ಗುರುತು, ಮೂಲೆಯಲ್ಲಿ ಎಷ್ಟು ನಿಮಿಷ ಅಂತ. ಮೇಷ್ಟ್ರ ಫೋನಿನಲ್ಲಿ ಇದ್ಯಾವುದೂ ಇರಲಿಲ್ಲ. ಕಾಗದದ ಚಿತ್ರ, ಪಕ್ಕದಲ್ಲಿ ಹೆಸರು, ಕೆಳಗೆ ಸಣ್ಣ ಅಕ್ಷರದಲ್ಲಿ "6.2 ಎಂಬಿ, ಎಪಿಕೆ". ಅಂದರೆ ಅದು ಡಾಕ್ಯುಮೆಂಟ್ ಆಗಿ ಬಂದಿದೆ. ಹೆಸರಿನಲ್ಲಿ "ಮದುವೆ ವಿಡಿಯೋ ಫುಲ್ ಎಚ್‌ಡಿ ಎಂಪಿ4" ಅಂತಿತ್ತು. ಮೇಷ್ಟ್ರು ಅಷ್ಟು ಓದಿ ನಿಲ್ಲಿಸಿದ್ದಾರೆ. ಬಾಲಂಗೋಚಿ ನೋಡಿಲ್ಲ.

ಗಾಳಿಪಟ ಎತ್ತ ತಿರುಗುತ್ತದೆ ಅನ್ನುವುದು ಬಾಲಂಗೋಚಿಯಲ್ಲಿರುತ್ತದೆ ಅಲ್ವಾ? ಫೈಲಿನದೂ ಹಾಗೇ. ಕಟ್ಟಕಡೆಯ ಚುಕ್ಕಿಯ ನಂತರ ಏನಿದೆಯೋ ಅದೇ ಲೆಕ್ಕ. ಅದಕ್ಕೆ ಮುಂಚೆ ಹೆಸರಿನಲ್ಲಿ ಎಂಪಿ4 ಅಂತ ಹತ್ತು ಸಲ ಬರೆದಿದ್ದರೂ ಬೆಲೆ ಇಲ್ಲ. ಎಂಪಿ4 ಅಂದರೆ ವಿಡಿಯೋ, ಎಪಿಕೆ ಅಂದರೆ ಆಂಡ್ರಾಯ್ಡ್ ಆ್ಯಪ್.

ಸೈಜ್ ಕೂಡ ಮಾತಾಡುತ್ತದೆ. ಐಫೋನಿನಲ್ಲಿ 1080ಪಿ, ಸೆಕೆಂಡಿಗೆ 30 ಫ್ರೇಮ್ ಇಟ್ಟು ತೆಗೆದರೆ ನಿಮಿಷಕ್ಕೆ ಸುಮಾರು 60 ಎಂಬಿ ಆಗುತ್ತದೆ. ವಾಟ್ಸ್ಆ್ಯಪ್ ಅದನ್ನು ಹಿಂಡಿ ಬಹಳ ಸಣ್ಣದು ಮಾಡುತ್ತದೆ, ನಿಜ. ಆದರೂ ಇಡೀ ಮದುವೆ, ಅದೂ ಫುಲ್ ಎಚ್‌ಡಿ, 6 ಎಂಬಿಯಲ್ಲಿ ಹಿಡಿಯುವುದು ಹೇಗೆ? ಧಾರೆಯ ಎರಡು ನಿಮಿಷಕ್ಕೂ ಸಾಲದು.

ಕಳಿಸಿದವರು ಗುರುತಿನವರು ಅನ್ನುವುದನ್ನು ಪುರಾವೆ ಅಂತ ಹಿಡಿಯಬೇಡಿ. ಇಂಥ ಆ್ಯಪ್ ಒಬ್ಬರ ಫೋನಿಗೆ ಹೊಕ್ಕರೆ ಅವರ ನಂಬರಿನಿಂದಲೇ ಬಂಧುಬಳಗಕ್ಕೆಲ್ಲ ಹೋಗಬಹುದು. ಅನುಮಾನ ಇದ್ದರೆ ಫೋನ್ ಮಾಡಿ ಕೇಳಿ. ಅದೇ ಚಾಟ್‌ನಲ್ಲಿ "ಇದು ನೀವೇ ಕಳಿಸಿದ್ದಾ?" ಅಂತ ಕೇಳಿದರೆ ಉತ್ತರ ಕೊಡುವವನು ಕಳ್ಳನೇ ಆಗಿರಬಹುದು.

ಲಕ್ಷಣ: ಒತ್ತಿದರೆ ಇನ್‌ಸ್ಟಾಲ್ ಅಥವಾ ಪರ್ಮಿಷನ್ ಕೇಳುತ್ತದೆ

ಇಲ್ಲಿ ತಲೆ ಕೆಡಿಸಿಕೊಳ್ಳುವುದೇ ಬೇಡ. ಯಾವ ವಿಡಿಯೋವೂ ನೋಡಲು ಇನ್‌ಸ್ಟಾಲ್ ಪರ್ಮಿಷನ್ ಕೇಳುವುದಿಲ್ಲ. ಆಂಡ್ರಾಯ್ಡ್ 8ರಿಂದ, ಅಂದರೆ 2017ರಿಂದ, ಪ್ಲೇ ಸ್ಟೋರ್ ಬಿಟ್ಟು ಬೇರೆ ಕಡೆಯಿಂದ ಆ್ಯಪ್ ಹಾಕಬೇಕಾದರೆ ಅದನ್ನು ತಂದುಕೊಟ್ಟ ಆ್ಯಪ್‌ಗೆ (ಇಲ್ಲಿ ವಾಟ್ಸ್ಆ್ಯಪ್‌ಗೆ) ಪ್ರತ್ಯೇಕವಾಗಿ ಅನುಮತಿ ಕೊಡಬೇಕು. ಮೇಷ್ಟ್ರಿಗೆ ಅಡ್ಡ ಬಂದು ನಿಂತದ್ದು ಅದೇ ಗೇಟು. ಅವರು "ಅದೊಂದು ಕೊಟ್ಬಿಡು" ಅಂದದ್ದು ಗೇಟಿನ ಬೀಗದ ಕೈ.

ಹಾಗಾದರೆ ಚಿತ್ರ, ತ್ರಿಕೋನ, ನಿಮಿಷ ಎಲ್ಲ ಕಂಡರೆ ನಂಬಬಹುದಾ? ಜಾಸ್ತಿ ಸಲ ನಂಬಬಹುದು. ಆದರೆ 2024ರಲ್ಲಿ ಆಂಡ್ರಾಯ್ಡಿನ ಟೆಲಿಗ್ರಾಂನಲ್ಲಿ ಒಂದು ಹುಳುಕು ಸಿಕ್ಕಿತು. ಕಂಡುಹಿಡಿದದ್ದು ಇಸೆಟ್ ಅನ್ನುವ ಆ್ಯಂಟಿವೈರಸ್ ಕಂಪನಿ. ಅವರು ಇದಕ್ಕೆ ಈವಿಲ್‌ವಿಡಿಯೋ ಅಂತ ಹೆಸರಿಟ್ಟರು. ಎಪಿಕೆ ಫೈಲು ಚಾಟ್‌ನಲ್ಲಿ 30 ಸೆಕೆಂಡಿನ ವಿಡಿಯೋ ಥರವೇ ಕಾಣುತ್ತಿತ್ತು. ಮೀಡಿಯಾ ತಾನೇ ಡೌನ್‌ಲೋಡ್ ಆಗುವಂತೆ ಇಟ್ಟುಕೊಂಡವರಿಗೆ ಚಾಟ್ ತೆರೆದ ಕೂಡಲೇ ಫೈಲ್ ಇಳಿದುಬಿಡುತ್ತಿತ್ತು. ಒತ್ತಿದರೆ, ಈ ವಿಡಿಯೋ ಇಲ್ಲಿ ಓಡುತ್ತಿಲ್ಲ, ಬೇರೆ ಪ್ಲೇಯರ್‌ನಲ್ಲಿ ತೆರೆಯಲಾ ಅಂತ ಟೆಲಿಗ್ರಾಂ ಕೇಳುತ್ತಿತ್ತು. ಹೂಂ ಅಂದರೆ ಅದೇ ಇನ್‌ಸ್ಟಾಲ್ ಗೇಟು. ಜೂನ್‌ನಲ್ಲಿ ಕಳ್ಳಸಂತೆಯಲ್ಲಿ ಈ ಉಪಾಯ ಮಾರಾಟಕ್ಕಿತ್ತು. ಜುಲೈ 11ಕ್ಕೆ 10.14.5 ಆವೃತ್ತಿಯಲ್ಲಿ ಟೆಲಿಗ್ರಾಂ ಸರಿಮಾಡಿತು. ಅಷ್ಟು ನಾಜೂಕಾಗಿ ವೇಷ ಹಾಕಿದರೂ ಕೊನೆಗೆ ಗೇಟಿನ ಹತ್ತಿರ ಬಂದು ಕೈಚಾಚಲೇಬೇಕಾಯಿತು ನೋಡಿ. ಅದಕ್ಕೇ ನಾನು ಬೇರೆಲ್ಲ ಲಕ್ಷಣಕ್ಕಿಂತ ಈ ಲಕ್ಷಣವನ್ನು ನಂಬುತ್ತೇನೆ.

ಕಂಪ್ಯೂಟರಿನ ವಾಟ್ಸ್ಆ್ಯಪ್‌ನಲ್ಲಿ ಇದರ ತಮ್ಮನಂಥದ್ದು ಒಂದು ಸಿಕ್ಕಿತ್ತು. ವಿಂಡೋಸ್ ಆವೃತ್ತಿಯಲ್ಲಿ ಫೈಲ್ ಯಾವ ಬಗೆ ಅಂತ ತೋರಿಸುವಾಗ ಕಳಿಸಿದವರು ಅಂಟಿಸಿದ ಚೀಟಿ ನೋಡುತ್ತಿತ್ತು, ತೆರೆಯುವಾಗ ಬಾಲಂಗೋಚಿ ನೋಡುತ್ತಿತ್ತು. ತೋರಿಸುವುದು ಒಂದು, ತೆರೆಯುವುದು ಇನ್ನೊಂದು. 2025ರ ಏಪ್ರಿಲ್‌ನಲ್ಲಿ ವಾಟ್ಸ್ಆ್ಯಪ್ ನಡೆಸುವ ಮೆಟಾ ಕಂಪನಿಯೇ ಇದನ್ನು ಬಹಿರಂಗ ಮಾಡಿತು. 2.2450.6ಕ್ಕಿಂತ ಹಳೆಯದಿದ್ದರೆ ಅಪ್‌ಡೇಟ್ ಮಾಡಿ.

ಲಕ್ಷಣ: "ಕೋಡೆಕ್ ಇಲ್ಲ, ಡೌನ್‌ಲೋಡ್ ಮಾಡಿ"

ಕೋಡೆಕ್ ಅಂದರೆ ಹಿಂಡಿಟ್ಟ ವಿಡಿಯೋವನ್ನು ಬಿಡಿಸಿ ತೋರಿಸುವ ಸಣ್ಣ ಪ್ರೋಗ್ರಾಂ. ಅದರ ಹೆಸರಿನಲ್ಲಿ ನಡೆಯುವುದು ಹಳೇ ಮೋಸ. 2005ರ ಹೊತ್ತಿಗೇ ಝ್ಲಾಬ್ ಅನ್ನುವ ಟ್ರೋಜನ್ (ವೇಷ ಹಾಕಿ ಬರುವ ಕಳ್ಳ ಪ್ರೋಗ್ರಾಂ) ವಿಡಿಯೋ ಕೋಡೆಕ್ ವೇಷದಲ್ಲಿ ಬರುತ್ತಿತ್ತು. ಡಿಎನ್‌ಎಸ್‌ಚೇಂಜರ್ ಅನ್ನುವುದೂ ಇದೇ ದಾರಿ ಹಿಡಿಯಿತು. ನೀವು ಒಂದು ವೆಬ್‌ಸೈಟ್ ಕೇಳಿದರೆ ಕಳ್ಳರು ಹೇಳಿದ ಕಡೆ ಕರೆದುಕೊಂಡು ಹೋಗುವುದು ಅದರ ಕೆಲಸ. 2011ರ ನವೆಂಬರಿನಲ್ಲಿ ಎಫ್‌ಬಿಐ ಆ ಗುಂಪನ್ನು ಹಿಡಿಸುವಷ್ಟರಲ್ಲಿ ನೂರು ದೇಶದ ಸುಮಾರು 40 ಲಕ್ಷ ಕಂಪ್ಯೂಟರ್‌ಗೆ ಅದು ಹತ್ತಿಕೊಂಡಿತ್ತು.

ತೊಂದರೆ ಏನೆಂದರೆ, ಕೋಡೆಕ್ ಇಲ್ಲದಿರುವುದು ನಿಜವೂ ಇರಬಹುದು. ಐಫೋನ್ 2017ರಿಂದ ಎಚ್‌ಇವಿಸಿ ಅನ್ನುವ ಬಗೆಯಲ್ಲಿ ವಿಡಿಯೋ ಉಳಿಸುತ್ತದೆ. ವಿಂಡೋಸಿನ ಸ್ವಂತ ಪ್ಲೇಯರ್ ಎಷ್ಟೋ ಸಲ ಅದನ್ನು ಓಡಿಸುವುದಿಲ್ಲ. ಸ್ಟೋರಿನಿಂದ ಎಕ್ಸ್‌ಟೆನ್ಷನ್ ಕೊಳ್ಳಿ ಅನ್ನುತ್ತದೆ. ಸೌಂಡ್ ಬರುತ್ತದೆ, ಚಿತ್ರ ಕಪ್ಪು. ಇದು ಮೋಸವಲ್ಲ.

ಬೇರೆ ಮಾಡುವುದು ಸುಲಭ. ವಿಎಲ್‌ಸಿ ಪ್ಲೇಯರ್ ಹಾಕಿಕೊಳ್ಳಿ. ಅದು ಕೋಡೆಕ್‌ಗಳನ್ನು ತನ್ನ ಹೊಟ್ಟೆಯಲ್ಲೇ ಇಟ್ಟುಕೊಂಡಿರುತ್ತದೆ. ವಿಎಲ್‌ಸಿಯಲ್ಲಿ ಓಡಿದರೆ ಕಥೆ ಮುಗಿಯಿತು. ಅದರಲ್ಲೂ ಓಡದೆ, ಫೈಲೋ ವೆಬ್‌ಸೈಟೋ "ನಮ್ಮ ಪ್ಲೇಯರ್‌ನಲ್ಲೇ ನೋಡಿ" ಅಂತ ಹಟ ಹಿಡಿದರೆ ಅದು ವಿಡಿಯೋ ತೋರಿಸಲು ಬಂದದ್ದಲ್ಲ. ವಿಂಡೋಸಿನ ಹಳೇ ಬಗೆಯಾದ ಡಬ್ಲ್ಯುಎಂವಿ ವಿಡಿಯೋ ಫೈಲುಗಳಲ್ಲಿ ಲೈಸೆನ್ಸ್ ಬೇಕು ಅನ್ನುವ ನೆಪದಲ್ಲಿ ಪ್ಲೇಯರೇ ವೆಬ್ ಪುಟ ತೆರೆಯುವಂತೆ ಮಾಡಬಹುದಿತ್ತು. ಹಳೇ ಸಿಡಿಗಳಲ್ಲಿ ಈಗಲೂ ಒಮ್ಮೊಮ್ಮೆ ಕಾಣುತ್ತದೆ.

ವಿಎಲ್‌ಸಿಯನ್ನು, ಅದನ್ನು ಮಾಡಿದ ವಿಡಿಯೋಲ್ಯಾನ್‌ನವರ ಸ್ವಂತ ವೆಬ್‌ಸೈಟಿನಿಂದಲೇ ಇಳಿಸಿಕೊಳ್ಳಿ. 2022ರಲ್ಲಿ ಕೆಲವು ತಿಂಗಳು ಆ ವೆಬ್‌ಸೈಟ್ ನಮ್ಮ ದೇಶದಲ್ಲಿ ಬ್ಲಾಕ್ ಆಗಿತ್ತು, ನವೆಂಬರಿನಲ್ಲಿ ತೆರೆದುಕೊಂಡಿತು. ಆ ತಿಂಗಳುಗಳಲ್ಲಿ ಜನ ಎಲ್ಲೆಲ್ಲಿಂದಲೋ ವಿಎಲ್‌ಸಿ ಇಳಿಸಿಕೊಂಡರು. ಆಗ ನನ್ನ ಅಂಗಡಿಗೆ ಬಂದ ಕೆಲವು ಲ್ಯಾಪ್‌ಟಾಪ್‌ಗಳಲ್ಲಿ ವಿಎಲ್‌ಸಿ ಜೊತೆಗೆ ಕರೆಯದ ನೆಂಟರೂ ಇದ್ದರು.

ಲಕ್ಷಣ: ಹೆಸರು ನೋಡಿದರೆ ಎಂಪಿ4, ಆದರೂ ಅನುಮಾನ

ವಿಂಡೋಸ್ ತಾನಾಗಿ ಬಾಲಂಗೋಚಿ ಮುಚ್ಚಿಡುತ್ತದೆ. ಇದು ಯಾರ ತಲೆಗೆ ಹೊಳೆದ ಐಡಿಯಾನೋ, ನನಗಂತೂ ಇವತ್ತಿಗೂ ಸಿಟ್ಟು. ಎಂಪಿ4 ಆದಮೇಲೆ ಚುಕ್ಕಿ ಇಟ್ಟು ಇಎಕ್ಸ್‌ಇ (ಅಂದರೆ ವಿಂಡೋಸ್ ಪ್ರೋಗ್ರಾಂ) ಅಂತ ಇದ್ದರೆ, ಕಡೆಯದನ್ನು ಮುಚ್ಚಿ ಬರೀ ಎಂಪಿ4 ತೋರಿಸುತ್ತದೆ. ವಿಂಡೋಸ್ 11ರಲ್ಲಿ ಫೋಲ್ಡರ್ ತೆರೆದು, ಮೇಲೆ ವ್ಯೂ, ಅದರೊಳಗೆ ಶೋ, ಅದರೊಳಗೆ ಫೈಲ್ ನೇಮ್ ಎಕ್ಸ್‌ಟೆನ್ಷನ್ಸ್‌ಗೆ ಟಿಕ್ ಹಾಕಿ. ಇವತ್ತೇ ಹಾಕಿ.

ಟಿಕ್ ಹಾಕಿದ ಮೇಲೂ ಮೋಸ ಹೋಗುವ ಒಂದು ದಾರಿ ಇದೆ. ಅರಬ್ಬಿ, ಹೀಬ್ರೂ ಬರವಣಿಗೆ ಬಲದಿಂದ ಎಡಕ್ಕೆ ಹೋಗುತ್ತದಲ್ಲ, ಅದಕ್ಕಾಗಿ ಯೂನಿಕೋಡ್ ಅನ್ನುವ ಎಲ್ಲ ಭಾಷೆಗಳ ಅಕ್ಷರಪಟ್ಟಿಯಲ್ಲಿ ಕಣ್ಣಿಗೆ ಕಾಣದ ಒಂದು ಗುರುತಿದೆ. ಅದನ್ನು ಹೆಸರಿನ ನಡುವೆ ಇಟ್ಟರೆ ಅಲ್ಲಿಂದ ಮುಂದಿನ ಅಕ್ಷರಗಳು ಉಲ್ಟಾ ಕಾಣುತ್ತವೆ. ಫೈಲಿನ ನಿಜವಾದ ಹೆಸರು "ಮದುವೆ", ಆಮೇಲೆ ಆ ಗುರುತು, ಆಮೇಲೆ ನಾಲ್ಕು, ಪಿ, ಎಂ, ಚುಕ್ಕಿ, ಇ, ಎಕ್ಸ್, ಇ. ಪರದೆಯ ಮೇಲೆ ಕಾಣುವುದು "ಮದುವೆ", ಆಮೇಲೆ ಇ, ಎಕ್ಸ್, ಇ, ಚುಕ್ಕಿ, ಎಂ, ಪಿ, ನಾಲ್ಕು. ಕಡೆಯಲ್ಲಿ ಎಂಪಿ4 ಇದೆ, ಖುಷಿ! ಇಎಕ್ಸ್‌ಇ ಅನ್ನುವುದು ನಮ್ಮ "ವಿಕಟಕವಿ" ಥರ, ಎಲ್ಲಿಂದ ಓದಿದರೂ ಅದೇ. ಅದು ಹೆಸರಿನ ನಡುವೆ ಕೂತಿದ್ದರೂ ಗುರುತು ಹಿಡಿಯುವುದಕ್ಕೆ ಅದೇ ಸಹಾಯ. ("ಕಿಟಕಿ"ಯನ್ನೂ ಯಾವ ಕಡೆಯಿಂದ ಓದಿದರೂ ಕಿಟಕಿಯೇ. ವಿಂಡೋಸಿಗೆ ತಕ್ಕ ಪದ.) 2018ರ ಫೆಬ್ರುವರಿಯಲ್ಲಿ ಕ್ಯಾಸ್ಪರ್‌ಸ್ಕಿ ಕಂಪನಿಯವರು ವಿಂಡೋಸಿನ ಟೆಲಿಗ್ರಾಂನಲ್ಲಿ ಇದೇ ತಂತ್ರ ಬಳಕೆಯಲ್ಲಿದ್ದದ್ದನ್ನು ಹೊರಗೆ ಹಾಕಿದರು. ಅಲ್ಲಿ ವೇಷ ಫೋಟೋದ್ದು.

ಹೆಸರು ಏನೇ ಕುಣಿದರೂ ಒಂದು ಕಡೆ ಸುಳ್ಳು ಬರುವುದಿಲ್ಲ. ಫೋಲ್ಡರ್‌ನಲ್ಲಿ ಡೀಟೇಲ್ಸ್ ನೋಟ ಹಾಕಿದರೆ "ಟೈಪ್" ಅಂತ ಒಂದು ಕಾಲಂ ಬರುತ್ತದೆ. ಅಲ್ಲಿ ಅಪ್ಲಿಕೇಶನ್, ಸ್ಕ್ರೀನ್ ಸೇವರ್, ಶಾರ್ಟ್‌ಕಟ್ ಅಂತ ಇದ್ದರೆ ವಿಡಿಯೋ ಅಲ್ಲ.

ಎಂಟು ಬೈಟಿನ ಪರೀಕ್ಷೆ

ಮೇಷ್ಟ್ರಿಗೆ ನನ್ನ ಮಾತಿನಿಂದ ಸಮಾಧಾನ ಆಗಲಿಲ್ಲ. "ಎಪಿಕೆ ಅಂತ ತಪ್ಪಾಗಿ ಬಿದ್ದಿರಬಹುದಲ್ಲಪ್ಪಾ? ಹೆಸರು ಬದಲಾಯಿಸಿ ನೋಡು" ಅಂದರು. ಗಣಿತದ ಮೇಷ್ಟ್ರು, ಸಾಕ್ಷಿ ಬೇಕು. ಸರಿ, ಫೈಲನ್ನು ಕೇಬಲ್‌ನಲ್ಲಿ ಅಂಗಡಿಯ ಲಿನಕ್ಸ್ ಲ್ಯಾಪ್‌ಟಾಪಿಗೆ ತೆಗೆದುಕೊಂಡೆ. ಅದು ನೆಟ್ಟಿಗೆ ಸೇರದ ಹಳೇ ಡಬ್ಬ. ಅಲ್ಲಿ ಎಪಿಕೆ ಓಡುವುದೂ ಇಲ್ಲ. ಹೆಕ್ಸ್ ವ್ಯೂವರ್‌ನಲ್ಲಿ ತೆರೆದೆ. ಇದು ಫೈಲನ್ನು ಓಡಿಸುವುದಿಲ್ಲ, ಒಳಗಿನ ಬೈಟುಗಳನ್ನು ಅಂಕಿಗಳಾಗಿ ತೋರಿಸುತ್ತದೆ ಅಷ್ಟೇ. ವಿಂಡೋಸಿನಲ್ಲಿ ಎಚ್‌ಎಕ್ಸ್‌ಡಿ ಅನ್ನುವುದು ಪುಕ್ಕಟೆ ಸಿಗುತ್ತದೆ. ಡಬಲ್ ಕ್ಲಿಕ್ ಮಾಡದೆ, ಮೊದಲು ವ್ಯೂವರ್ ತೆರೆದು ಅದರೊಳಗಿಂದ ಫೈಲ್ ಆರಿಸಿ.

ಹೋಲಿಸಲು ನನ್ನ ಮಗನ ಒಂದು ಒಳ್ಳೇ ವಿಡಿಯೋ ಮೊದಲು ತೆರೆದೆ. ಮೊದಲ ಎಂಟು ಬೈಟು: 00 00 00 18 66 74 79 70. ಎಂಪಿ4 ಫೈಲಿನ ಒಳಗನ್ನು ಡಬ್ಬಿ ಡಬ್ಬಿಯಾಗಿ ಜೋಡಿಸಿರುತ್ತಾರೆ. ಮೊದಲ ನಾಲ್ಕು ಬೈಟು ಮೊದಲ ಡಬ್ಬಿಯ ಅಳತೆ. ಹೆಕ್ಸ್ ಅಂದರೆ ಹದಿನಾರರ ಲೆಕ್ಕ, ಅದರಲ್ಲಿ 18 ಅಂದರೆ 24, ಅಂದರೆ ಮೊದಲ ಡಬ್ಬಿ 24 ಬೈಟಿನದು. ಮುಂದಿನ ನಾಲ್ಕು ಆ ಡಬ್ಬಿಯ ಹೆಸರು: ಎಫ್, ಟಿ, ವೈ, ಪಿ. ಎಂಪಿ4 ಫೈಲಿನಲ್ಲಿ ಐದನೇ ಬೈಟಿನಿಂದ ಈ ನಾಲ್ಕು ಅಕ್ಷರ ಇರುತ್ತದೆ. ಮೊದಲ ಅಳತೆ 18ರ ಬದಲು ಬೇರೆ ಇರಬಹುದು, ಪರವಾಗಿಲ್ಲ.

ಆಮೇಲೆ ಮದುವೆಯ ಫೈಲ್. 50 4ಬಿ 03 04. ಅಕ್ಷರದಲ್ಲಿ ಪಿ, ಕೆ. ಝಿಪ್ ಫೈಲಿನ ಗುರುತು ಅದು. ಝಿಪ್ ಮಾಡಿದ ಫಿಲ್ ಕಾಟ್ಜ್ ಅನ್ನುವವನ ಇನಿಷಿಯಲ್. ಎಪಿಕೆ ಕೂಡ ಒಳಗೊಳಗೆ ಝಿಪ್ಪೇ.

"ಓ, ಹಾಗಾದ್ರೆ ಹೆಸರು ಬದಲಾಯಿಸಿದ್ರೂ ಇದು ಬದಲಾಗಲ್ಲ."

"ಇಲ್ಲ ಮೇಷ್ಟ್ರೇ."

ಇನ್ನೂ ಕೆಲವು ಗುರುತು ನೆನಪಿಟ್ಟುಕೊಂಡರೆ ಒಳ್ಳೆಯದು. ಎಂ, ಝಡ್ ಅಂತ ಶುರುವಾದರೆ ವಿಂಡೋಸ್ ಪ್ರೋಗ್ರಾಂ. ಇದೂ ಒಬ್ಬರ ಇನಿಷಿಯಲ್ಲೇ, ಮೈಕ್ರೋಸಾಫ್ಟಿನ ಮಾರ್ಕ್ ಝ್ಬಿಕೋವ್‌ಸ್ಕಿ. ಎಂಕೆವಿ ಬಗೆಯ ವಿಡಿಯೋ ಆದರೆ 1ಎ 45 ಡಿಎಫ್ ಎ3. ಎವಿಐ ಬಗೆಯದಾದರೆ ಆರ್, ಐ, ಎಫ್, ಎಫ್. ಎಚ್‌ಟಿಎಂಎಲ್ (ವೆಬ್ ಪುಟದ ಭಾಷೆ) ಅಕ್ಷರಗಳು ಕಂಡರೆ ಭಯ ಬೇಡ. ಡೌನ್‌ಲೋಡ್ ಮಾಡುವಾಗ ಆ ಸೈಟು ವಿಡಿಯೋ ಬದಲು ಎರರ್ ಪುಟ ಕೊಟ್ಟಿದೆ, ಅದೇ ವಿಡಿಯೋ ಹೆಸರಲ್ಲಿ ಸೇವ್ ಆಗಿದೆ. ಸೈಜ್ ಕೆಲವೇ ಕೆಬಿ ಇರುತ್ತದೆ.

ಈ ಪರೀಕ್ಷೆ ಸುಳ್ಳನನ್ನು ಹಿಡಿಯುತ್ತದೆ, ಸತ್ಯವಂತ ಅಂತ ಸರ್ಟಿಫಿಕೇಟ್ ಕೊಡುವುದಿಲ್ಲ. ಝಿಪ್ಪಿನೊಳಗೆ ಏನೇನಿದೆ ಅನ್ನುವ ಪಟ್ಟಿ ಫೈಲಿನ ಕೊನೆಯಲ್ಲಿರುತ್ತದೆ. ಹಾಗಾಗಿ ಮುಂದೆ ವಿಡಿಯೋ, ಹಿಂದೆ ಝಿಪ್ ಅಂಟಿಸಿದ ಎರಡು ತಲೆ ಹಾವೂ ಸಾಧ್ಯ.

ಹಲವು ಆ್ಯಂಟಿವೈರಸ್‌ಗಳಿಂದ ಒಟ್ಟಿಗೆ ಪರೀಕ್ಷೆ ಮಾಡಿಸುವ ವೈರಸ್‌ಟೋಟಲ್ ಅನ್ನುವ ವೆಬ್‌ಸೈಟಿಗೆ ಹಾಕಿ ನೋಡಬಹುದು. 650 ಎಂಬಿ ತನಕ ತೆಗೆದುಕೊಳ್ಳುತ್ತದೆ. ಆದರೆ ಅಲ್ಲಿ ಹಾಕಿದ ಫೈಲನ್ನು ಬೇರೆ ಕಂಪನಿಗಳೂ ನೋಡಬಹುದು. ಎಪಿಕೆ ಹಾಕಿ, ತೊಂದರೆ ಇಲ್ಲ. ಮನೆಯವರ ವಿಡಿಯೋ ಮಾತ್ರ ದಯವಿಟ್ಟು ಹಾಕಬೇಡಿ. ಫೈಲಿನ ಹ್ಯಾಶ್, ಅಂದರೆ ಬೆರಳಚ್ಚಿನಂಥ ಅಂಕಿ, ತೆಗೆದು ಅದನ್ನಷ್ಟೇ ಹುಡುಕಿದರೆ ಸಾಕು.

ಲಕ್ಷಣ: ಬೈಟು ಸರಿ ಇದೆ, ಪ್ಲೇಯರ್ ಬಿದ್ದುಹೋಗುತ್ತದೆ

ಈಗ ಕಷ್ಟದ ಭಾಗ. ಇದು ನಿಜಕ್ಕೂ ವಿಡಿಯೋ, ಆದರೆ ಕೆಟ್ಟಿದೆ. ತಾನಾಗಿ ಕೆಟ್ಟಿತೋ, ಬೇಕಂತ ಕೆಡಿಸಿದರೋ?

ತಾನಾಗಿ ಕೆಡುವುದು ಹೇಗೆ ಅಂದರೆ, ಕ್ಯಾಮೆರಾ ರೆಕಾರ್ಡ್ ಮಾಡುವಾಗ ಚಿತ್ರ, ಸೌಂಡನ್ನು ಒಂದು ದೊಡ್ಡ ಡಬ್ಬಿಗೆ ಸುರಿಯುತ್ತಾ ಹೋಗುತ್ತದೆ. ಯಾವ ಫ್ರೇಮ್ ಎಲ್ಲಿದೆ ಅನ್ನುವ ಪಟ್ಟಿಯನ್ನು ಸ್ಟಾಪ್ ಒತ್ತಿದ ಮೇಲೆ ಕಡೆಯಲ್ಲಿ ಬರೆಯುತ್ತದೆ. ಆ ಪಟ್ಟಿಯ ಡಬ್ಬಿಯ ಹೆಸರು ಮೂವ್. ಬ್ಯಾಟರಿ ನಡುವೆ ಹೋದರೆ ಪಟ್ಟಿ ಬರೆಯುವುದೇ ಇಲ್ಲ. ಚಿತ್ರವೆಲ್ಲ ಒಳಗೇ ಇದೆ, ಹುಡುಕುವ ದಾರಿ ಇಲ್ಲ. ಎಫ್‌ಎಫ್‌ಪ್ರೋಬ್ ಅನ್ನುವ ಪುಕ್ಕಟೆ ಸಾಧನಕ್ಕೆ ಫೈಲ್ ಕೊಟ್ಟರೆ "ಮೂವ್ ಆ್ಯಟಂ ನಾಟ್ ಫೌಂಡ್" ಅನ್ನುತ್ತದೆ. ಅದೇ ಕ್ಯಾಮೆರಾದಲ್ಲಿ, ಅದೇ ಸೆಟ್ಟಿಂಗ್‌ನಲ್ಲಿ ತೆಗೆದ ಒಂದು ಒಳ್ಳೇ ವಿಡಿಯೋ ಮಾದರಿಗೆ ಇದ್ದರೆ ಅನ್‌ಟ್ರಂಕ್ ಅನ್ನುವ ಸಾಧನ ಪಟ್ಟಿಯನ್ನು ಮತ್ತೆ ಕಟ್ಟಿಕೊಡುತ್ತದೆ. ನಾಮಕರಣದ ವಿಡಿಯೋಗೆ ನಾನು ಮಾಡಬೇಕಾಗಿದ್ದದ್ದು ಇದು.

ಬೇಕಂತ ಕೆಡಿಸುವುದು ಇನ್ನೊಂದು ಕಲೆ. 2015ರ ಜುಲೈನಲ್ಲಿ ಝಿಂಪೀರಿಯಂ ಕಂಪನಿಯ ಜೋಶುವಾ ಡ್ರೇಕ್ ಆಂಡ್ರಾಯ್ಡಿನಲ್ಲಿ ಹುಡುಕಿದ ಸ್ಟೇಜ್‌ಫ್ರೈಟ್ ಹುಳುಕು ಇದಕ್ಕೆ ಹೆಸರುವಾಸಿ. ಸುಮಾರು 95 ಕೋಟಿ ಫೋನುಗಳಿಗೆ ಅಪಾಯ ಅಂತ ಅಂದಾಜು ಮಾಡಿದ್ದರು. ಎಂಎಂಎಸ್‌ನಲ್ಲಿ ವಿಡಿಯೋ ಬಂದರೆ ಸಾಕಿತ್ತು, ಒತ್ತುವುದೂ ಬೇಕಿರಲಿಲ್ಲ.

ಅದು ಹೇಗೆ? ಎಂಪಿ4ನಲ್ಲಿ ಪ್ರತಿ ಡಬ್ಬಿಯ ಮೇಲೂ ಅಳತೆಯ ಚೀಟಿ ಇರುತ್ತದೆ ಅಂದೆನಲ್ಲ, ಪ್ಲೇಯರ್ ಆ ಚೀಟಿ ನಂಬಿ ಜಾಗ ಮಾಡಿಕೊಳ್ಳುತ್ತದೆ. ನಮ್ಮೂರಿನ ಕೊಬ್ಬರಿ ಮಾರ್ಕೆಟ್ಟಿನಲ್ಲಿ ಯಾರೂ ಚೀಟಿ ನಂಬುವುದಿಲ್ಲ, ಚೀಲ ತೂಕಕ್ಕೆ ಹಾಕಿಯೇ ಹಾಕುತ್ತಾರೆ. ಸ್ಟೇಜ್‌ಫ್ರೈಟ್ ಅನ್ನುವುದು ಆಂಡ್ರಾಯ್ಡಿನಲ್ಲಿ ವಿಡಿಯೋ ಓದುವ ಭಾಗದ ಹೆಸರು, ಅದು ತೂಕಕ್ಕೆ ಹಾಕಲಿಲ್ಲ. ಪಟ್ಟಿಯಲ್ಲಿ ಇಷ್ಟು ಸಾಲು ಅಂತ ಫೈಲ್ ಹೇಳುತ್ತದೆ. ಸಾಲಿಗೆ ಇಷ್ಟು ಬೈಟ್ ಅಂತ ಗುಣಿಸಿ ಜಾಗ ಲೆಕ್ಕ ಹಾಕುತ್ತದೆ. ಆ ಲೆಕ್ಕ 32 ಬಿಟ್‌ನಲ್ಲಿ ಹಿಡಿಯುವ 4,29,49,67,295 ದಾಟಿದರೆ, ಹಳೇ ಸ್ಕೂಟರಿನ ಮೀಟರ್ 99999 ಆದಮೇಲೆ ಸೊನ್ನೆಗೆ ಬರುತ್ತದಲ್ಲ, ಹಾಗೆ ಸಣ್ಣ ಅಂಕಿಗೆ ಬಂದು ನಿಲ್ಲುತ್ತದೆ. ಸಣ್ಣ ಜಾಗ ಮಾಡಿಕೊಂಡು ದೊಡ್ಡ ಪಟ್ಟಿ ಸುರಿದರೆ ಪಕ್ಕದ ಜಾಗಕ್ಕೆ ಚೆಲ್ಲುತ್ತದೆ. ಆ ಚೆಲ್ಲಿದ್ದರಲ್ಲಿ ಕಳ್ಳನ ಆದೇಶ ಇರುತ್ತದೆ.

ಇದಾದ ಮೇಲೆ, 2015ರ ಆಗಸ್ಟ್‌ನಿಂದ, ಗೂಗಲ್ ತಿಂಗಳು ತಿಂಗಳೂ ಸೆಕ್ಯುರಿಟಿ ಪ್ಯಾಚ್ (ಹುಳುಕು ಮುಚ್ಚುವ ತೇಪೆ) ಕೊಡಲು ಶುರುಮಾಡಿತು. ಹಾಗಂತ ಈ ಬಗೆಯ ಹುಳುಕು ಮುಗಿಯಲಿಲ್ಲ. 2017ರ ಮೇನಲ್ಲಿ ಚೆಕ್ ಪಾಯಿಂಟ್ ಕಂಪನಿ ವಿಎಲ್‌ಸಿ, ಕೋಡಿ ಸೇರಿ ನಾಲ್ಕು ಪ್ಲೇಯರ್‌ಗಳಲ್ಲಿ ಸಬ್‌ಟೈಟಲ್ ಫೈಲಿನಿಂದಲೇ ನುಗ್ಗಬಹುದು ಅಂತ ತೋರಿಸಿತು. 2019ರ ನವೆಂಬರಿನಲ್ಲಿ ವಾಟ್ಸ್ಆ್ಯಪ್‌ನಲ್ಲೂ ತಿದ್ದಿದ ಎಂಪಿ4ನಿಂದ ಆಗುವ ಇಂಥದೇ ಒಂದು ಹುಳುಕು ಹೊರಬಂತು. ಎಲ್ಲಕ್ಕೂ ಪ್ಯಾಚ್ ಬಂದಿದೆ. ನಿಮ್ಮ ಫೋನಿಗೆ ಬಂದಿದೆಯಾ ಅನ್ನುವುದು ಪ್ರಶ್ನೆ. ಸೆಟ್ಟಿಂಗ್ಸ್‌ನಲ್ಲಿ ಅಬೌಟ್ ಫೋನ್, ಅದರೊಳಗೆ ಆಂಡ್ರಾಯ್ಡ್ ವರ್ಷನ್ ಒತ್ತಿದರೆ ಸೆಕ್ಯುರಿಟಿ ಅಪ್‌ಡೇಟಿನ ತಾರೀಖು ಕಾಣುತ್ತದೆ. ಎರಡು ವರ್ಷ ಹಳೆಯದಿದ್ದರೆ ಆ ಫೋನಿನಲ್ಲಿ ಬ್ಯಾಂಕ್ ಆ್ಯಪ್ ಇಡಬೇಡಿ ಅನ್ನುತ್ತೇನೆ. ವಾಟ್ಸ್ಆ್ಯಪ್‌ನಲ್ಲಿ ಸ್ಟೋರೇಜ್ ಆ್ಯಂಡ್ ಡೇಟಾಗೆ ಹೋಗಿ ವಿಡಿಯೋ, ಡಾಕ್ಯುಮೆಂಟ್ ತಾನಾಗಿ ಡೌನ್‌ಲೋಡ್ ಆಗುವುದನ್ನು ನಿಲ್ಲಿಸಿ. ಡೇಟಾನೂ ಉಳಿಯುತ್ತದೆ.

ಕೆಟ್ಟದ್ದೋ ಕೆಡಿಸಿದ್ದೋ ಅಂತ ಅಂಗಡಿಯಲ್ಲಿ ಕೂತು ಖಚಿತ ಹೇಳುವುದು ನನ್ನ ಕೈಲಾಗುವುದಿಲ್ಲ. ಅದಕ್ಕೆ ನಾನು ಹುಟ್ಟಿದ ಊರು ಕೇಳುತ್ತೇನೆ. ನಿಮ್ಮದೇ ಕ್ಯಾಮೆರಾದಿಂದ ಬಂದ ಫೈಲಾ? ಕೆಟ್ಟಿದೆ, ರಿಪೇರಿ ಮಾಡೋಣ. ಕೇಳದೆ ಯಾರೋ ಕಳಿಸಿದ್ದಾ? ಅದು ಯಾಕೆ ಬಿತ್ತು ಅಂತ ತಿಳಿದುಕೊಳ್ಳುವ ಚಪಲ ಬೇಡ, ಅಳಿಸಿ.

"ಯೂಟ್ಯೂಬಿನಲ್ಲಿ ಇರೋದು ಸೇಫ್ ತಾನೇ?"

ವಿಡಿಯೋ ಮಟ್ಟಿಗೆ ಹೌದು. ಯೂಟ್ಯೂಬ್ ಪ್ರತಿ ವಿಡಿಯೋವನ್ನೂ ತಾನೇ ಮತ್ತೆ ಹೊಸದಾಗಿ ಬೇಯಿಸಿ ಬಡಿಸುತ್ತದೆ. ಅಪ್‌ಲೋಡ್ ಮಾಡಿದ ಫೈಲು ನೇರ ನಿಮ್ಮ ತಟ್ಟೆಗೆ ಬರುವುದಿಲ್ಲ. ವಿಷ ಇರುವುದು ಕೆಳಗಿನ ಡಿಸ್ಕ್ರಿಪ್ಷನ್‌ನಲ್ಲಿ, ಪಿನ್ ಮಾಡಿದ ಕಾಮೆಂಟಿನಲ್ಲಿ. "ಫೋಟೋಶಾಪ್ ಫ್ರೀ", "ಗೇಮ್ ಚೀಟ್" ಅಂತ ವಿಡಿಯೋ. ಕೆಳಗೆ ಲಿಂಕ್, ಪಾಸ್‌ವರ್ಡ್ ಹಾಕಿದ ಝಿಪ್. ಪಾಸ್‌ವರ್ಡ್ ಯಾಕೆ? ಆ್ಯಂಟಿವೈರಸ್ ಒಳಗೆ ಇಣುಕದಿರಲಿ ಅಂತ. ವಿಂಡೋಸಿನ ಸ್ವಂತ ಆ್ಯಂಟಿವೈರಸ್ ಡಿಫೆಂಡರ್ ಆಫ್ ಮಾಡಿ ಅಂತಲೂ ವಿಡಿಯೋದಲ್ಲೇ ಹೇಳಿಕೊಡುತ್ತಾರೆ. 2025ರ ಅಕ್ಟೋಬರಿನಲ್ಲಿ ಚೆಕ್ ಪಾಯಿಂಟ್ ಇಂಥ 3000ಕ್ಕೂ ಹೆಚ್ಚು ವಿಡಿಯೋಗಳ ಜಾಲವನ್ನು ಬಯಲಿಗೆಳೆಯಿತು. ಎಷ್ಟೋ ವಿಡಿಯೋ ಕದ್ದ ಚಾನೆಲ್‌ಗಳಲ್ಲಿದ್ದವು. ಕೆಳಗೆ "ವರ್ಕ್ ಆಯ್ತು, ಥ್ಯಾಂಕ್ಸ್" ಅನ್ನುವ ಕಾಮೆಂಟುಗಳೂ ಅವರವೇ.

ಚಾನೆಲ್ ನಡೆಸುವವರಿಗೆ ಬೇರೆ ಕಾಟ. 2023ರ ಮಾರ್ಚಿನಲ್ಲಿ ಕೆನಡಾದ ಲೈನಸ್ ಟೆಕ್ ಟಿಪ್ಸ್ ಚಾನೆಲ್ ಕಳ್ಳರ ಪಾಲಾಯಿತು. ಸ್ಪಾನ್ಸರ್ ಕಳಿಸಿದ ಪಿಡಿಎಫ್ ಅಂತ ಸಿಬ್ಬಂದಿಯೊಬ್ಬರು ಒಂದು ಫೈಲ್ ತೆರೆದರು. ಅದು ಬ್ರೌಸರಿನ ಕುಕಿಗಳನ್ನು ಕದ್ದಿತು. ಕುಕಿ ಅಂದರೆ ಆಗಲೇ ಲಾಗಿನ್ ಆಗಿರುವವರ ಗೇಟ್ ಪಾಸ್. ಪಾಸ್ ಕೈಯಲ್ಲಿದ್ದರೆ ಪಾಸ್‌ವರ್ಡೂ ಬೇಡ, ಓಟಿಪಿಯೂ ಬೇಡ. ಸ್ವಲ್ಪ ಹೊತ್ತಿನಲ್ಲೇ ಚಾನೆಲ್ಲಿನ ಹೆಸರು ಬದಲಾಗಿ ಕ್ರಿಪ್ಟೋ ಲೈವ್ ಓಡುತ್ತಿತ್ತು. ನಿಮ್ಮ ಚಾನೆಲ್ಲಿನ ಹೆಸರೋ ಚಿತ್ರವೋ ತಾನಾಗಿ ಬದಲಾದರೆ ಮೊದಲು ಬೇರೆ ಕಂಪ್ಯೂಟರಿನಿಂದ ಎಲ್ಲ ಡಿವೈಸ್‌ನಿಂದಲೂ ಸೈನ್ ಔಟ್ ಮಾಡಿ. ಪಾಸ್‌ವರ್ಡ್ ಬದಲಾವಣೆ ಅದರ ಜೊತೆಗೇ. ಸೋಂಕಾದ ಕಂಪ್ಯೂಟರಿನಿಂದಲೇ ಮಾಡಿದರೆ ಹೊಸ ಪಾಸೂ ಕಳ್ಳನಿಗೇ.

ಮುಖ ತಿದ್ದಿದ ವಿಡಿಯೋ ಬೇರೆ ಲೆಕ್ಕ. ಅಲ್ಲಿ ಫೈಲಿನಲ್ಲಿ ದೋಷ ಇರುವುದಿಲ್ಲ, ಹಾಗಾಗಿ ಬೈಟ್ ಪರೀಕ್ಷೆ ನಡೆಯುವುದಿಲ್ಲ. 2023ರ ನವೆಂಬರಿನಲ್ಲಿ ನಮ್ಮ ಕೊಡಗಿನ ರಶ್ಮಿಕಾ ಮಂದಣ್ಣ ಅವರ ಮುಖವನ್ನು ಬೇರೊಬ್ಬರ ವಿಡಿಯೋಗೆ ಅಂಟಿಸಿದ್ದರು. ಅದೇ ಡಿಸೆಂಬರಿನಲ್ಲಿ ಇನ್ಫೋಸಿಸ್‌ನ ನಾರಾಯಣಮೂರ್ತಿಯವರು, ಟ್ರೇಡಿಂಗ್ ಆ್ಯಪ್‌ಗಳ ಬಗ್ಗೆ ನನ್ನ ಹೆಸರಲ್ಲಿ ಓಡಾಡುವ ವಿಡಿಯೋಗಳು ನಕಲಿ ಅಂತ ತಾವೇ ಹೇಳಬೇಕಾಯಿತು. ಒಂದು ಫ್ರೇಮಿನ ಸ್ಕ್ರೀನ್‌ಶಾಟ್ ತೆಗೆದು ಗೂಗಲ್ ಲೆನ್ಸ್‌ಗೆ ಕೊಟ್ಟರೆ ಎಷ್ಟೋ ಸಲ ಮೂಲ ವಿಡಿಯೋ ಸಿಗುತ್ತದೆ. ದುಡ್ಡು ಹಾಕಿ ಅಂತ ಹೇಳುವ ವಿಡಿಯೋ ಆದರೆ ಅಷ್ಟು ಹುಡುಕುವ ಶ್ರಮವೂ ಬೇಡ.

ಆಗಲೇ ಒತ್ತಿ, ಇನ್‌ಸ್ಟಾಲೂ ಆಗಿಬಿಟ್ಟಿದ್ದರೆ

ನೆಟ್ ಕತ್ತರಿಸಿ. ಏರೋಪ್ಲೇನ್ ಮೋಡ್ ಹಾಕಿ, ವೈಫೈ ಆಫ್ ಆಗಿದೆಯಾ ಅಂತಲೂ ನೋಡಿ. ಇಂಥ ಆ್ಯಪ್‌ಗಳು ಮೊದಲು ಕೈ ಹಾಕುವುದು ಎಸ್‌ಎಂಎಸ್‌ಗೆ, ಅಂದರೆ ಓಟಿಪಿಗೆ. ಬೇರೆ ಫೋನಿನಿಂದ ಬ್ಯಾಂಕಿಗೆ ಹೇಳಿ ಕಾರ್ಡ್, ಯುಪಿಐ ನಿಲ್ಲಿಸಿ. ದುಡ್ಡು ಹೋಗಿದ್ದರೆ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಆಗಲೇ ಫೋನ್ ಮಾಡಿ, ಬೆಳಗ್ಗೆ ನೋಡೋಣ ಅನ್ನಬೇಡಿ. ತಡವಾದಷ್ಟೂ ದುಡ್ಡು ಖಾತೆಯಿಂದ ಖಾತೆಗೆ ಹಾರುತ್ತದೆ.

ಆಮೇಲೆ ಆ್ಯಪ್ ಹುಡುಕಿ. ಐಕಾನ್ ಕಾಣುತ್ತಿಲ್ಲ ಅಂದರೆ ಇಲ್ಲ ಅಂತಲ್ಲ, ಬಚ್ಚಿಟ್ಟುಕೊಂಡಿರುತ್ತದೆ. ಸೆಟ್ಟಿಂಗ್ಸ್‌ನ ಆ್ಯಪ್ಸ್ ಪಟ್ಟಿಯಲ್ಲಿ ಇರುತ್ತದೆ. ಎಸ್‌ಎಂಎಸ್ ಪರ್ಮಿಷನ್ ಯಾರ್ಯಾರಿಗಿದೆ, ಆ್ಯಕ್ಸೆಸಿಬಿಲಿಟಿ ಯಾವುದಕ್ಕೆ ಆನ್ ಇದೆ, ಡಿವೈಸ್ ಅಡ್ಮಿನ್ ಯಾವುದು, ನೋಟಿಫಿಕೇಶನ್ ಓದುವ ಅನುಮತಿ ಯಾವುದಕ್ಕೆ ಅಂತ ನಾಲ್ಕೂ ಕಡೆ ನೋಡಿ. ಅನ್‌ಇನ್‌ಸ್ಟಾಲ್ ಬಟನ್ ಮಸುಕಾಗಿದ್ದರೆ ಮೊದಲು ಡಿವೈಸ್ ಅಡ್ಮಿನ್‌ನಿಂದ ತೆಗೆಯಬೇಕು. ಅದಕ್ಕೂ ಬಿಡದಿದ್ದರೆ ಸೇಫ್ ಮೋಡ್, ಅಂದರೆ ನಾವು ಹಾಕಿದ ಆ್ಯಪ್ ಓಡದಂತೆ ಫೋನ್ ಆನ್ ಮಾಡುವುದು. ವಾಟ್ಸ್ಆ್ಯಪ್‌ನ ಲಿಂಕ್ಡ್ ಡಿವೈಸಸ್, ಕಾಲ್ ಫಾರ್ವರ್ಡಿಂಗ್ ಎರಡನ್ನೂ ನೋಡಿ. ಇಷ್ಟೆಲ್ಲ ಮಾಡಿದ ಮೇಲೂ ನಾನು ಫೋಟೋ ಕಾಪಿ ಮಾಡಿಕೊಂಡು ಫ್ಯಾಕ್ಟರಿ ರೀಸೆಟ್ ಮಾಡಿಯೇ ಕೊಡುತ್ತೇನೆ. ಗಿರಾಕಿ ಗೊಣಗಿದರೂ ಸರಿ. ಪಾಸ್‌ವರ್ಡ್, ಯುಪಿಐ ಪಿನ್ ಬದಲಾಯಿಸುವುದು ರೀಸೆಟ್ ಆದಮೇಲೆ.

ಮೇಷ್ಟ್ರಿಗೆ ಇದ್ಯಾವುದೂ ಬೇಕಾಗಲಿಲ್ಲ. ಗೇಟು ಮುಚ್ಚಿತ್ತು, ಅವರು ಬೀಗದ ಕೈ ಹುಡುಕಿಕೊಂಡು ನನ್ನ ಹತ್ತಿರ ಬಂದಿದ್ದರು ಅಷ್ಟೇ. ಆ್ಯಪ್ಸ್ ಪಟ್ಟಿ ಪೂರ್ತಿ ನೋಡಿ, ಫೈಲ್ ಅಳಿಸಿ, ನೆಟ್ ಆನ್ ಮಾಡಿ ಕೊಟ್ಟೆ. ಷಡ್ಡಕನಿಗೆ ಫೋನ್ ಮಾಡಿಸಿದೆ. ಅವರಿಗೆ ಏನೂ ಗೊತ್ತಿರಲಿಲ್ಲ. ಹಿಂದಿನ ದಿನ ಅವರಿಗೂ ಯಾರಿಂದಲೋ ಗೃಹಪ್ರವೇಶದ ವಿಡಿಯೋ ಬಂದಿತ್ತಂತೆ, ಅದು "ಓಪನ್ ಆಗಿತ್ತಂತೆ". ಈಗಲೇ ಫೋನ್ ತಗೊಂಡು ಬರೋಕೆ ಹೇಳಿ ಅಂದೆ.

ಮೇಷ್ಟ್ರು ಅಲ್ಲೇ ಕೂತು ಕನ್ನಡಕ ಏರಿಸಿ, ಒಂದೊಂದೇ ಅಕ್ಷರ ಕುಟ್ಟಿ ಗ್ರೂಪಿಗೆ ಬರೆದರು: "ಮದುವೆ ವಿಡಿಯೋ ಅಂತ ಬಂದಿರೋದು ವಿಡಿಯೋ ಅಲ್ಲ. ಯಾರೂ ಒತ್ತಬೇಡಿ." ಎರಡು ನಿಮಿಷದಲ್ಲಿ ಉತ್ತರ ಬಂತು. "ಹೌದು ಸರ್, ನನಗೂ ಓಪನ್ ಆಗ್ತಿಲ್ಲ. ಬೇರೆ ಕಳಿಸೋಕೆ ಹೇಳಿ."